ಬಾಗಿಲ ಹೊರಗಿನ ಕುರ್ಚಿ

ಬಾಟಲಿಯನ್ನು ಎಲ್ಲಿಡುವುದೆಂದು ಶುಯೈಬನಿಗೆ ತೋಚಲಿಲ್ಲ. ಪ್ರತಿ ವಸಂತಕ್ಕೂ ಇದೇ ಪಾಡು. ಕಿತ್ತಳೆ ಹೂವು ಮಾರುಕಟ್ಟೆಗೆ ಬಂದ ವಾರ ಸೇತುವೆಗಳಿಗೆ ಹೆಸರಾದ ಕಾನ್‌ಸ್ಟಂಟೀನ್ ಊರಿನ ಅರ್ಧ ಅಂಗಳಗಳಲ್ಲಿ ತಾಮ್ರದ ಭಟ್ಟಿ ಏರುತ್ತದೆ, ಓಣಿಯೆಲ್ಲ ಮದುವೆಮನೆಯ ಹಾಗೆ ಘಮಘಮ ಅನ್ನುತ್ತದೆ, ಆಮೇಲೆ ಒಂದು ದಿನ ಜುಲೀಖಾ ಚಿಕ್ಕಮ್ಮನ ಮನೆಯಿಂದ ಬಾಟಲಿ ಬರುತ್ತದೆ. ಭಟ್ಟಿಯಿಂದ ಮೊದಲು ಇಳಿದ ಹೂವಿನ ನೀರು, ಮೊದಲ ಇಳಿ. ಆ ಮನೆಯಲ್ಲಿ ಮೊದಲ ಇಳಿಯನ್ನು ಮನೆಯವರು ಮುಟ್ಟುವುದಿಲ್ಲ, ಯಾರ ಋಣ ದೊಡ್ಡದೋ ಅವರಿಗೆ ಎತ್ತಿಡುತ್ತಾರೆ. ಮೂರು ವರ್ಷದಿಂದ ಅದು ಶುಯೈಬನದಾಗಿತ್ತು. ಹೋದ ವರ್ಷದ್ದೂ ಅದರ ಹಿಂದಿನದ್ದೂ ಮುಚ್ಚಳ ಬಿಚ್ಚದೆ ಅವನ ಕಂಪ್ಯೂಟರ್ ಅಂಗಡಿಯ ಹಳೇ ಕೀಬೋರ್ಡುಗಳ ರಾಶಿಯ ಹಿಂದೆ ನಿಂತಿದ್ದವು. ಇವತ್ತಿನದು ಮೇಜಿನ ಮೇಲೆ, ಅವನ ಎದುರಿಗೇ ಇತ್ತು. ಪಕ್ಕದಲ್ಲಿ ಚಿಕ್ಕಮ್ಮನ ಮಗಳು ವಸೀಲಾಳ ಲ್ಯಾಪ್‌ಟಾಪ್. ಎರಡನ್ನೂ ಅವಳೇ ತಂದಿಟ್ಟು ಅರ್ಧ ಗಂಟೆಯಾಗಿರಬೇಕು.

"ಅಮ್ಮ ಕೊಟ್ಟಳು," ಅಂದಿದ್ದಳು. "'ಬಾಗಿಲಲ್ಲಿ ಕೂತೋನು ಅವನು, ಅವನಿಗೆ ಮೊದಲು' ಅಂತ ಹೂವು ಬಿಡಿಸೋವಾಗ್ಲೇ ಶುರು ಮಾಡಿದ್ಲು. ಇಟ್ಕೋ. ಆಮೇಲೆ ಇದನ್ನ ಪೂರ್ತಿ ಅಳಿಸಿಬಿಡು, ಶುಯೈಬಣ್ಣ. ಒಳಗೇನೂ ಉಳೀಬಾರದು. ಅತ್ತೆ ಮಗಳು ಕಾಲೇಜು ಸೇರ್ತಿದಾಳೆ, ಅವಳಿಗೆ ಕೊಡ್ತೀನಿ."

"ನೀನು ಮಾಡಿದ ಆಟ?"

"ಅದೂ ಹೋಗ್ಲಿ. ಫ್ರಾನ್ಸಿನ ಲಿಯೋನ್‌ನಲ್ಲಿರೋ ಚಿಕ್ಕಪ್ಪನ ಮಗನ ವಿಳಾಸದಲ್ಲಿ ತಾನೇ ಮಾರಾಟಕ್ಕಿಟ್ಟಿದ್ದು, ಅವನಿಗೆ ಹೇಳಿದೀನಿ, ನೆಟ್ ಅಂಗಡಿಯಿಂದ ತೆಗೆದುಬಿಡ್ತಾನೆ."

"ಬೇರೆ ಎಲ್ಲಾದ್ರೂ ನಕಲು ಇಟ್ಟಿದೀಯಾ?"

"ಒಂದಿತ್ತು. ನಿನ್ನೆ ಸುತ್ತಿಗೇಲಿ ಕುಟ್ಟಿದೆ. ಅಪ್ಪನ ಸುತ್ತಿಗೆ, ಒಂದೇ ಏಟಿಗೆ ಹೋಯ್ತು." ನಕ್ಕಳು. ಆ ನಗು ಅವನಿಗೆ ಬೇಡವಾಗಿತ್ತು. "ಆರು ತಿಂಗಳು ಹುಡುಕಿದೆ ನೋಡು. ಎಲ್ಲಿ ತಪ್ಪಿದೆ ಅಂತ ಸಿಗಲೇ ಇಲ್ಲ. ನಿನಗೇ ಸಿಗಲಿಲ್ಲ ಅಂದ್ಮೇಲೆ ಇನ್ಯಾರಿಗೆ ಸಿಗುತ್ತೆ? ಸಾಕು. ಸೋಮವಾರ ಕಚೇರಿ ಕೆಲಸಕ್ಕೆ ಸೇರ್ತೀನಿ. ನಾಲ್ಕು ಗಂಟೆಗೆ ಬರ್ಲಾ?"

ಬಾ ಅಂದಿದ್ದ.

ಅಳಿಸುವುದೆಂದರೆ ಹತ್ತು ನಿಮಿಷದ ಕೆಲಸ. ತಂತಿ ಚುಚ್ಚಿ ಎರಡು ಗುಂಡಿ ಒತ್ತಿದರೆ ಮುಗಿಯಿತು, ಅದರೊಂದಿಗೆ ತನ್ನ ಕೈವಾಡದ ಕಥೆಯೂ ಮುಗಿಯುತ್ತದೆ, ಇನ್ನು ಯಾರೂ ಯಾವತ್ತೂ ಕೇಳುವುದಿಲ್ಲ. ಈ ಯೋಚನೆ ಬಂದಾಗ ಮನಸ್ಸು ಒಂದು ಗಳಿಗೆ ಹಗುರವಾದದ್ದನ್ನು ಶುಯೈಬ್ ತಾನೇ ಹಿಡಿದ. ಥೂ, ಅಂದುಕೊಂಡ. ನಲವತ್ತು ಹತ್ತಿರ ಬಂತು, ಇನ್ನೂ ಬೆಕ್ಕಿನ ಬುದ್ಧಿ ಹೋಗಿಲ್ಲ, ಕಣ್ಣು ಮುಚ್ಚಿ ಹಾಲು ಕುಡಿಯುವುದು. ಅವಳ ಆಟದಲ್ಲಿ ತಪ್ಪಿರಲಿಲ್ಲ. ಅದು ಅವನಿಗೆ ಎಂಟು ತಿಂಗಳಿಂದ ಗೊತ್ತು. ಹದಿನಾಲ್ಕು ತಿಂಗಳ ಹಿಂದೆ ಅದರ ಬೀಗ ಒಡೆದು, ಕ್ರ್ಯಾಕ್ ಮಾಡಿ, ಜಗತ್ತಿಗೆ ಪುಕ್ಕಟೆ ಹಂಚಿದವನು ಅವನೇ.

ಆಗ ಅದು ಯಾರದೆಂದು ತಿಳಿದಿರಲಿಲ್ಲ, ಇದೊಂದು ಮಾತನ್ನು ಅವನು ತನಗೆ ತಾನೇ ನೂರು ಸಲ ಹೇಳಿಕೊಂಡಿದ್ದ. ಆಟದ ಮೇಲೆ ಯಾವುದೋ ಕಟ್ಟಿದ ಹೆಸರಿತ್ತು, ಫ್ರಾನ್ಸಿನ ವಿಳಾಸವಿತ್ತು. ಹೊರದೇಶಕ್ಕೆ ದುಡ್ಡು ಕಳಿಸುವ ಕಾರ್ಡು ಈ ಊರಿನಲ್ಲಿ ಯಾರ ಹತ್ತಿರ ಇದೆ? ಕೊಳ್ಳಬೇಕೆಂದರೂ ಕೊಳ್ಳಲಾಗದವರ ಊರಿದು. ಇಲ್ಲಿ ಹುಟ್ಟಿದ ಮಕ್ಕಳೆಲ್ಲ ಆಟ ಕಲಿತದ್ದು ಬೀಗ ಒಡೆದ ಡಿಸ್ಕಿನಲ್ಲೇ. ವಸೀಲಾ ಕೂಡ. ಹನ್ನೆರಡು ವರ್ಷದವಳಿದ್ದಾಗ ಇದೇ ಮೇಜಿನ ಮುಂದೆ ಹಿಮ್ಮಡಿ ಎತ್ತಿ ನಿಂತು, "ಶುಯೈಬಣ್ಣ, ಹೆದರಿಸೋದು ಕೊಡು, ಹೋದ ಸಲ ಕೊಟ್ಟಿದ್ದು ನಗು ಬಂತು," ಅನ್ನುತ್ತಿದ್ದಳು. ದೊಡ್ಡ ಕಂಪನಿಗಳ ಆಟಗಳ ಬೀಗ ಈಚೆಗೆ ಅವನ ಕೈಗೆ ನಿಲುಕುತ್ತಿರಲಿಲ್ಲ, ಅದಕ್ಕೆ ಹುಡುಗರ ಗುಂಪುಗಳೇ ಬೇಕು. ಅವನಿಗೆ ಉಳಿದದ್ದು ಚಿಕ್ಕವು. ಒಬ್ಬರೋ ಇಬ್ಬರೋ ಮನೆಯಲ್ಲಿ ಕೂತು ಮಾಡಿದ ಭಯದ ಆಟಗಳು, ಬೇಕೆಂದೇ ಹಳೆಯ ಕಾಲದ ಹಾಗೆ ಮಾಡಿದ ದಪ್ಪ ದಪ್ಪ ಚೌಕದ ಚಿತ್ರಗಳು, ನಡೆದರೆ ಸಣ್ಣಗೆ ನಡುಗುವ ಗೋಡೆಗಳು, ಕಣ್ಣು ಮೂಗು ಕಲಸಿಹೋದ ಮುಖಗಳು. ಅವನ್ನು ಒಡೆದು 'ಸೇತುವೆ ಮುದುಕ' ಎಂಬ ಹೆಸರಲ್ಲಿ ಬಿಡುತ್ತಿದ್ದ. ಬ್ರೆಜಿಲ್‌ನವರು, ವಿಯೆಟ್ನಾಮಿನವರು ಮುದುಕನಿಗೆ ಧನ್ಯವಾದ ಬರೆಯುತ್ತಿದ್ದರು. ಅಂಗಡಿಗೆ ಬರುವವರು ಚಾರ್ಜರ್ ಕೇಳಿ ಚೌಕಾಸಿ ಮಾಡಿ ಹೋಗುತ್ತಿದ್ದರು.

ಆ ಆಟದಲ್ಲಿ ಇದ್ದದ್ದೇ ಇಷ್ಟು. ಒಂದು ಆಸ್ಪತ್ರೆಯ ಪಡಸಾಲೆ, ಒಂದು ಮುಚ್ಚಿದ ಬಾಗಿಲು, ಹೊರಗೊಂದು ಕಬ್ಬಿಣದ ಕುರ್ಚಿ. ಕುರ್ಚಿಯ ಮೇಲೆ ಕೂರಬಹುದು. ಬಾಗಿಲು ತೆರೆಯುವುದಿಲ್ಲ. ಶುಯೈಬ್ ಗುಂಡಿಗಳನ್ನು ಒತ್ತುತ್ತಾ ಇಪ್ಪತ್ತು ನಿಮಿಷ ಕೂತು ನೋಡಿದ್ದ, ಸಿಗರೇಟಿಗೆಂದು ಎದ್ದ, ಮತ್ತೆ ಹತ್ತು ನಿಮಿಷ ಕೂತ. ಆಟದ ಒಳಗಿನ ಕೋಡ್ ಬಿಚ್ಚಿದಾಗ ಹೆಸರಿಲ್ಲದ ಒಂದು ಗಡಿಯಾರ ಸಿಕ್ಕಿತು. ಆಡುವವನು ಒಂದು ಗುಂಡಿ ಮುಟ್ಟಿದರೂ ಅದು ಸೊನ್ನೆಗೆ ಹೋಗುತ್ತಿತ್ತು. ಅವನಿಗೆ ನಗು ಬಂತು. ಇಂಥವನ್ನು ಕಂಡಿದ್ದ. ಕದ್ದ ನಕಲೆಂದು ತಿಳಿದರೆ ಕೆಲವು ಆಟಗಳು ಬೇಕೆಂದೇ ಒಂದು ಬಾಗಿಲು ತೆರೆಯುವುದಿಲ್ಲ, ಒಂದು ಕೀಲಿ ಕೊಡುವುದಿಲ್ಲ, ಕಳ್ಳನನ್ನು ಗಂಟೆಗಟ್ಟಲೆ ಅಲೆಸಿ ಗೇಲಿ ಮಾಡುತ್ತವೆ. ಇದೂ ಅದೇ ಬಲೆ ಅಂದುಕೊಂಡ. ಇಪ್ಪತ್ತು ವರ್ಷ ಬೀಗ ಒಡೆದವನಿಗೆ ಕಂಡದ್ದೆಲ್ಲ ಬೀಗವೇ. ಗಡಿಯಾರವನ್ನು ಕಿತ್ತು ಹಾಕಿದ. ಬಾಗಿಲು ಮುಟ್ಟಿದೊಡನೆ ತೆರೆಯಿತು, ಒಳಗೆ ಖಾಲಿ ಹಾಸಿಗೆ, ಆಟ ಮುಗಿಯಿತು. ಇಷ್ಟೇನಾ, ಅಂದುಕೊಂಡ. ಜೊತೆಗೆ ಕಳಿಸುವ ಚೀಟಿಯಲ್ಲಿ ಜಂಬದಿಂದ ಬರೆದ: 'ಬಲೆ ಹರಿದಿದ್ದೇನೆ. ಇನ್ನು ಯಾರೂ ಆ ಬಾಗಿಲ ಮುಂದೆ ಕಾಯಬೇಕಾಗಿಲ್ಲ. ಸೇತುವೆ ಮುದುಕ.' ನಲವತ್ತು ಸಾವಿರ ಜನ ಇಳಿಸಿಕೊಂಡರು. ಕೊಂಡವರು ನೂರು ಜನ ಇದ್ದರೋ ಇಲ್ಲವೋ.

ಆಮೇಲೆ ವಸೀಲಾ ಬಂದದ್ದು, ಎಂಟು ತಿಂಗಳ ಹಿಂದೆ, ಇದೇ ಲ್ಯಾಪ್‌ಟಾಪ್ ಎದೆಗವಚಿಕೊಂಡು. "ಊರಲ್ಲಿ ಯಾರಿಗೂ ಹೇಳಿಲ್ಲ, ಶುಯೈಬಣ್ಣ, ನಿನಗೇ ಮೊದಲು. ನಾನೊಂದು ಆಟ ಮಾಡಿದೀನಿ." ಪರದೆಯಲ್ಲಿ ಆ ಪಡಸಾಲೆ ಮೂಡಿದಾಗ ಇದು ತಾನು ಒಡೆದ ಆಟವೇ ಎಂದು ಅವನಿಗೆ ಗುರುತು ಸಿಕ್ಕಿತ್ತು. "ಆಡಿದೋರೆಲ್ಲ ನೆಟ್ಟಲ್ಲಿ 'ಬಾಗಿಲು ತೆಗೆದ್ರೆ ಖಾಲಿ ಹಾಸಿಗೆ, ಏನೂ ಆಗಲ್ಲ' ಅಂತ ಬರೀತಾರೆ. 'ಸೋಮಾರಿ ಕೆಲಸ' ಅಂತಾರೆ. ನನ್ನ ಹತ್ರ ಸರಿಯಾಗೇ ನಡೆಯುತ್ತೆ. ಅವರ ಕಂಪ್ಯೂಟರಲ್ಲಿ ನನ್ನ ಗಡಿಯಾರ ಎಲ್ಲೋ ತಪ್ಪುತ್ತಿದೆ. ಹುಡುಕಿಕೊಡ್ತೀಯಾ?"

"ಕದ್ದ ನಕಲು ಇರಬಹುದಾ?" ಎಂದು ಅವನೇ ಕೇಳಿದ್ದ. ಅವಳು ಹೌದು ಅಂದಿದ್ದರೆ ಅವತ್ತೇ ಹೇಳಿಬಿಡುತ್ತಿದ್ದನೇನೋ.

"ಅಯ್ಯೋ, ನನ್ನದನ್ನ ಯಾರು ಕದೀತಾರೆ!" ಎಂದು ನಕ್ಕಿದ್ದಳು.

ಎರಡು ದಿನ ಲ್ಯಾಪ್‌ಟಾಪ್ ಇಟ್ಟುಕೊಂಡ. ತೆರೆಯಲೂ ಇಲ್ಲ. ಮೂರನೇ ದಿನ ಅವಳು ಬಂದಾಗ ಕಣ್ಣುಜ್ಜಿಕೊಂಡು, ನಿದ್ದೆಗೆಟ್ಟವನ ಹಾಗೆ ನಟಿಸಿ, "ನನಗೂ ಸಿಗಲಿಲ್ಲ ಕಣೇ," ಅಂದ. ಅವಳು ಅವನಿಗೋಸ್ಕರ ಬಾದಾಮಿ ಹಾಕಿದ ಜೇನಿನ ಮಿಠಾಯಿ ತಂದಿದ್ದಳು. ಅದನ್ನೂ ತಿಂದ. ಆ ಸಿಹಿ ಹಲ್ಲಿಗೆ ಅಂಟಿಕೊಂಡದ್ದು ಇವತ್ತೂ ನೆನಪಾಗಿ ನಾಲಗೆಯಿಂದ ಹಲ್ಲು ಸವರಿಕೊಂಡ.

ಬಾಗಿಲಲ್ಲಿ ಕೂತೋನು. ಜುಲೀಖಾ ಚಿಕ್ಕಮ್ಮ ಹಾಗನ್ನುವುದು ಅವಳ ಗಂಡನ ಬಾಗಿಲನ್ನು. ತಾಮ್ರದ ಕೆಲಸದ ಮಖ್ಲೂಫ್ ಚಿಕ್ಕಪ್ಪ ಆಸ್ಪತ್ರೆ ಸೇರಿದಾಗ ಗಂಡಸರ ವಾರ್ಡಿನಲ್ಲಿ ಹೆಂಗಸರಿಗೆ ಸಂಜೆ ನಾಲ್ಕೂವರೆಯ ಮೇಲೆ ಒಂದು ಗಂಟೆ ಹೊತ್ತು ಮಾತ್ರ ಬಿಡುತ್ತಿದ್ದರು. ಮನೆಯಲ್ಲಿ ಗಂಡುಮಕ್ಕಳಿಲ್ಲ. ಓಣಿಯ ಗಂಡಸರು ಸರದಿ ಹಾಕಿಕೊಂಡರು, ಇಂಥದ್ದಕ್ಕೆ ಇಲ್ಲಿ ಯಾರೂ ಯಾರನ್ನೂ ಕೇಳುವುದಿಲ್ಲ. ಕಡೆಯ ದಿನದ ಮಧ್ಯಾಹ್ನ ಶುಯೈಬನ ಸರದಿ, ಒಂದರಿಂದ ಐದರವರೆಗೆ. ಒಳಗೆ ಇಣುಕಿ, "ಚಿಕ್ಕಪ್ಪಾ, ನಾನಿದೀನಿ ಹೊರಗೆ," ಅಂದ. ಮುದುಕ ಕಣ್ಣಲ್ಲೇ ನಕ್ಕ. ಶುಯೈಬ್ ಹೊರಗೆ ಬಂದು ಕೂತ. ಹತ್ತು ನಿಮಿಷಕ್ಕೆ ಫೋನು ಗುಂಯ್ ಅಂದಿತು, ತಿಂಗಳಿಂದ ಕಾಯುತ್ತಿದ್ದ ಒಂದು ಆಟ ಹೊರಬಿದ್ದಿತ್ತು, ಮೊದಲು ಒಡೆದವರ ಹೆಸರೇ ಉಳಿಯುವುದು. ಮುದುಕ ನಿದ್ದೆಯಲ್ಲಿದ್ದ. ನರ್ಸು ಇದ್ದಳು. ಯಾರಿಗೆ ಗೊತ್ತಾಗುತ್ತದೆ? ಎದ್ದು ಹೋದ. ಸಂಜೆ ಆರಕ್ಕೆ ನೆನಪಾಗಿ ಓಡಿ ಬಂದರೆ ಜುಲೀಖಾ ಚಿಕ್ಕಮ್ಮ ಎದುರಾಗಿ, ಅವನ ತಲೆಯನ್ನು ಎರಡೂ ಕೈಯಲ್ಲಿ ಹಿಡಿದು ಹಣೆಗೆ ಮುತ್ತಿಟ್ಟು, "ನಾಲ್ಕು ಗಂಟೆ ಕೂತೆಯಂತಲ್ಲೋ ಮಗಾ, ಅಲ್ಲಾಹ್ ನಿನ್ನ ಬಾಗಿಲು ಕಾಯಲಿ," ಅಂದಿದ್ದಳು. ಮರುದಿನ ಬೆಳಗಿನ ಜಾವ ಮುದುಕ ಹೋದ. ಆಮೇಲೆ ನಿಜ ಹೇಳಲು ಬಾಯಿ ಬರಲಿಲ್ಲ, ಬಾಟಲಿ ಬರತೊಡಗಿತು.

ಶುಯೈಬ್ ಲ್ಯಾಪ್‌ಟಾಪ್ ತೆರೆದ. ಅಳಿಸುವ ತಂತಿಯನ್ನು ಕೈಯಲ್ಲಿ ಹಿಡಿದೇ ತೆರೆದ. ಒಂದು ಸಲ ನೋಡಬೇಕು. ಅವಳ ಕೈಯಿಂದ ಬಂದ ಆಟವನ್ನು ತಾನು ಪೂರ್ತಿ ಆಡಿಯೇ ಇಲ್ಲ. ಬಾಗಿಲ ಹಿಂದೆ ಏನಿತ್ತೆಂಬುದು ಅದನ್ನು ಒಡೆದವನಿಗೇ ಗೊತ್ತಿಲ್ಲ. ಗಂಟೆ ಎರಡೂ ಮುಕ್ಕಾಲು. ಆಟ ಶುರು ಮಾಡಿ, ಅದರೊಳಗಿನ ಕುರ್ಚಿಯಲ್ಲಿ ಕೂತು, ಗುಂಡಿ ಮುಟ್ಟದ ಹಾಗೆ ಕೈಗಳನ್ನು ತೊಡೆಯ ಕೆಳಗೆ ಸಿಕ್ಕಿಸಿಕೊಂಡ.

ಐದು ನಿಮಿಷ ಏನೂ ಆಗಲಿಲ್ಲ. ಕೂತಷ್ಟೂ ಕಣ್ಣಿಗೆ ಕೆಲಸ ಸಿಗತೊಡಗಿತು. ಗೋಡೆಗೆ ಸೊಂಟದವರೆಗೆ ಹಸಿರು ಬಣ್ಣ, ಅಲ್ಲಿಂದ ಮೇಲೆ ಸುಣ್ಣ. ಕುರ್ಚಿಯ ಒಂದು ಕಾಲಿಗೆ ಬಿಳಿ ಬ್ಯಾಂಡೇಜು ಸುತ್ತಿದೆ. ಎದುರಿನ ಗಡಿಯಾರ ಎರಡೂ ಇಪ್ಪತ್ತಕ್ಕೆ ನಿಂತಿದೆ. ಬಾಗಿಲಿನ ಹಿಡಿಕೆಗೆ ಯಾರೋ ಚೀಲ ತೂಗುಹಾಕಿದ್ದಾರೆ, ಅದರಲ್ಲಿ ಎರಡು ರೊಟ್ಟಿ. ಇದು ಮಖ್ಲೂಫ್ ಚಿಕ್ಕಪ್ಪನ ವಾರ್ಡಿನ ಹೊರಗಿನ ಪಡಸಾಲೆಯೇ. ಅಲ್ಲಿ ಕೂತಿದ್ದವರು ಯಾರೇ ಆದರೂ ಈ ಆಟವನ್ನು ನೋಡಿದ ಕೂಡಲೇ ಗುರುತು ಹಿಡಿಯುತ್ತಿದ್ದರು. ಅವನು ಹಿಡಿಯಲಿಲ್ಲ, ಯಾಕೆಂದರೆ ಆಸ್ಪತ್ರೆಯಲ್ಲಿ ಕೂತ ಹತ್ತು ನಿಮಿಷವೂ ಫೋನು ನೋಡುತ್ತಿದ್ದ.

ಹದಿನೈದನೇ ನಿಮಿಷಕ್ಕೆ ಒಳಗೆ ಯಾರೋ ಕೆಮ್ಮಿದರು. ದೂರದ ಒಂದು ದೀಪ ಆರಿತು. ಹೆಜ್ಜೆ ಸಪ್ಪಳ ಹತ್ತಿರ ಬಂದು ಅವನ ಬೆನ್ನ ಹಿಂದೆ ನಿಂತಿತು, ಅಲ್ಲಿಂದ ಹೋಗಲಿಲ್ಲ. ತಿರುಗಿ ನೋಡಲು ಒಂದು ಗುಂಡಿ ಒತ್ತಿದರೆ ಸಾಕು, ಒತ್ತಿದರೆ ಎಲ್ಲವೂ ಮೊದಲಿನಿಂದ. ಭಯವೆಂದರೆ ಅಷ್ಟೇ, ಎದ್ದು ಹೋಗಬೇಕೆನ್ನಿಸುವುದು. ಎಂಥ ಸರಳ ಲೆಕ್ಕ ಹಾಕಿದ್ದಾಳೆ ಹುಡುಗಿ, ಅಂದುಕೊಂಡ, ಹೆಮ್ಮೆ ಉಕ್ಕಿತು, ಹೆಮ್ಮೆ ಪಡಲು ತಾನ್ಯಾರೆಂದು ನಾಚಿಕೆಯೂ ಆಯಿತು.

"ಏನಯ್ಯಾ, ಗೋಡೆ ನೋಡ್ತಾ ಕೂತಿದೀಯ?" ಎದುರಂಗಡಿಯ ಟೈಲರ್ ಹಮ್ಲಾವಿ ಟೇಪು ಕೊರಳಿಗೆ ಹಾಕಿಕೊಂಡೇ ಒಳಗೆ ಬಂದ. "ಎರಡು ಸಲ ಕೂಗಿದೆ, ಕಿವಿಗೇನು ಹತ್ತಿ ಇಟ್ಕೊಂಡಿದೀಯಾ? ಕಾಫಿ ಇಳಿಸಿದೀನಿ ಬಾ."

"ಮುಟ್ಟಬೇಡ!" ಶುಯೈಬ್ ಚೀರಿದ. ಹಮ್ಲಾವಿಯ ಕೈ ಮೇಜಿನ ಮೇಲೆ, ಕೀಲಿಗಳಿಗೆ ಒಂದು ಬೆರಳು ದೂರದಲ್ಲಿತ್ತು.

"ಅಬ್ಬಾ, ಬಾಂಬು ಇಟ್ಟಿದೀಯೋ ಏನು ಕಥೆ? ಏನಿದು?"

"ಆಸ್ಪತ್ರೆ."

"ಆಸ್ಪತ್ರೇಲಿ ಏನ್ಮಾಡ್ತಿದೀಯ?"

"ಕಾಯ್ತಿದೀನಿ."

"ಗಿರಾಕಿ ಬಂದ್ರೆ ಕಾಯ್ಸ್ತಾನೆ, ಗೊಂಬೆ ಆಸ್ಪತ್ರೇಲಿ ತಾನು ಕಾಯ್ತಾನೆ. ನಿನಗೆ ಬೇಗ ಮದುವೆ ಮಾಡ್ಸಿದ್ದಿದ್ರೆ ಹೀಗಾಗ್ತಿರ್ಲಿಲ್ಲ." ಹಮ್ಲಾವಿ ಪರದೆಗೆ ಮುಖ ತಂದ. ಆಮೇಲೆ ದನಿ ತಗ್ಗಿಸಿ ಅಂದ: "ಇದು ನಮ್ಮ ಮಖ್ಲೂಫ್ ಇದ್ದ ವಾರ್ಡಲ್ವೇನೋ? ಈ ಕುರ್ಚಿ ಕಾಲು ನಾನೇ ಕಟ್ಟಿದ್ದು ಮಾರಾಯ. ಅಲ್ಲಾಡ್ತಿತ್ತು ಅಂತ ನರ್ಸ್ ಹತ್ರ ಬ್ಯಾಂಡೇಜ್ ಇಸ್ಕೊಂಡು ಕಟ್ಟಿದೆ. ಯಾರು ಬರೆದ್ರು ಇದನ್ನ?"

ಶುಯೈಬ್ ಕೈಗಳನ್ನು ತೊಡೆಯ ಕೆಳಗೆ ಇನ್ನಷ್ಟು ಒಳಗೆ ಸಿಕ್ಕಿಸಿಕೊಂಡ. ಹಮ್ಲಾವಿ "ನಿನಗೂ ಆ ದಿನ ನೆನಪಾಗ್ತಿದೆ ಅನ್ನು," ಎಂದು ಅವನ ಭುಜ ತಟ್ಟಿ ಹೋದ. ತಟ್ಟಿದ ಜಾಗ ಉರಿಯಿತು.

ಮೂವತ್ತೆಂಟನೇ ನಿಮಿಷಕ್ಕೆ ದೀಪಗಳೆಲ್ಲ ಆರಿ ಬಾಗಿಲ ಸಂದಿನಲ್ಲಿ ಮಾತ್ರ ಬೆಳಕು ಉಳಿಯಿತು. ಬಾಗಿಲು ತಾನಾಗಿಯೇ ತೆರೆಯಿತು. ಹಾಸಿಗೆಯಲ್ಲಿ ಕಣ್ಣು ಮೂಗು ಕಲಸಿಹೋದ ಒಬ್ಬ ಮುದುಕ, ಅವನ ಪಕ್ಕದಲ್ಲಿ ಹುಡುಗಿ. ಚಿತ್ರ ಒರಟು, ಆದರೆ ಧ್ವನಿ ನಿಜದ್ದು, ಫೋನಿನಲ್ಲಿ ಹಿಡಿದದ್ದು, ಗರಗರ ಅನ್ನುವುದು. ಈ ಊರಿನ ಮಾತು. ಕೆಳಗೆ ಅನುವಾದ ಹಾಕಿರಲಿಲ್ಲ, ಬ್ರೆಜಿಲ್‌ನವನು ಕಾದು ಕೂತಿದ್ದರೂ ಅವನಿಗೆ ತಿಳಿಯುತ್ತಿರಲಿಲ್ಲ.

"ಹೊರಗೆ ಶುಯೈಬ್ ಇದ್ದಾನಲ್ಲಮ್ಮ?" ಮಖ್ಲೂಫ್ ಚಿಕ್ಕಪ್ಪ ಕೇಳಿದ. ಉಸಿರು ಸಾಲದೆ ತಡೆದು ತಡೆದು ಕೇಳಿದ. "ಇದೀನಿ ಅಂದಿದ್ದ. ಆಗಲೇ ಎರಡು ಸಲ ಕರೆದೆ, ಧ್ವನಿ ಹೊರಡಲಿಲ್ಲ ಅಂತ ಕಾಣುತ್ತೆ, ಕೇಳಿಸಿಲ್ಲ ಅವನಿಗೆ."

ಒಂದು ಮೌನ. ಒಬ್ಬ ಮನುಷ್ಯ ತಿರುಗಿ ಬಾಗಿಲಾಚೆ ನೋಡುವಷ್ಟು ಮೌನ.

"ಇದಾನೆ ಅಪ್ಪ," ವಸೀಲಾಳ ಧ್ವನಿ. "ಕೂತಿದಾನೆ."

"ಮಧ್ಯಾಹ್ನದಿಂದ ಕೂತಿದಾನೆ, ಪಾಪ. ಒಳ್ಳೇ ಹುಡುಗ. ನಿಮ್ಮಮ್ಮನಿಗೆ ಹೇಳು. ಕಾಫಿ ಕೊಡು ಅವನಿಗೆ. ಎರಡು ಹನಿ ಹೂವಿನ ನೀರು ಹಾಕಿ ಕೊಡು."

"ಕೊಡ್ತೀನಿ ಅಪ್ಪ."

ಪರದೆ ಕಪ್ಪಾಯಿತು. ಶುಯೈಬ್ ತೊಡೆಯ ಕೆಳಗಿನ ಕೈ ತೆಗೆಯಲೇ ಇಲ್ಲ. ಎರಡು ಸಲ ಕರೆದೆ. ಅವಳಿಗೆ ಗೊತ್ತಿತ್ತು. ಮೂರು ವರ್ಷದಿಂದ ಗೊತ್ತಿತ್ತು. ಬಾಟಲಿ ತಂದಾಗ, ಮಿಠಾಯಿ ತಂದಾಗ, ನಿನಗೇ ಮೊದಲು ಎಂದು ಆಟ ತಂದಾಗ, ಆ ಖಾಲಿ ಕುರ್ಚಿ ಅವಳ ಕಣ್ಣಲ್ಲಿತ್ತು. ಅವನಿಗೆ ಅಳು ಬಂತು. ಅಂಗಡಿಯ ಬಾಗಿಲು ತೆರೆದಿದ್ದರೂ ಬಿಕ್ಕಿ ಅತ್ತ.

ನಾಲ್ಕಕ್ಕೆ ಅವಳು ಬಂದಾಗ ಲ್ಯಾಪ್‌ಟಾಪ್ ತೆರೆದೇ ಇತ್ತು.

"ಇನ್ನೂ ಅಳಿಸಿಲ್ವಾ?"

"ನಿನ್ನ ಗಡಿಯಾರದಲ್ಲಿ ತಪ್ಪಿಲ್ಲ, ವಸೀಲಾ. ಯಾವತ್ತೂ ಇರ್ಲಿಲ್ಲ." ಎದ್ದು ನಿಂತು ಹೇಳಿದ, ಕೂತು ಹೇಳುವ ಮಾತಲ್ಲ ಅನ್ನಿಸಿ. "ಜನ ಆಡಿದ್ದು ನಿನ್ನ ಆಟಾನೇ ಅಲ್ಲ. ಕದ್ದ ನಕಲು. ಅದರಲ್ಲಿ ಕಾಯೋದನ್ನ ಕಿತ್ತುಹಾಕಿದ್ರು. ಕಿತ್ತುಹಾಕಿದ್ದು ನಾನು. ಕಳ್ಳರಿಗೆ ಇಟ್ಟ ಬಲೆ ಅಂದ್ಕೊಂಡೆ. ಸೇತುವೆ ಮುದುಕ ಅಂದ್ರೆ ನಾನೇ."

ಅವಳು ಪರದೆಯನ್ನು ತನ್ನ ಕಡೆ ತಿರುಗಿಸಿಕೊಂಡಳು.

"ಎರಡು ದಿನ ನಿನ್ನ ಹತ್ರ ಇತ್ತಲ್ಲ ಇದು," ಅಂದಳು. "ಹುಡುಕ್ತಿದೀನಿ ಅಂದೆ."

"ಹೌದು."

"ಆಗ ಗೊತ್ತಿತ್ತು."

"ಗೊತ್ತಿತ್ತು."

"ಆರು ತಿಂಗಳು ನಾನು ಒಂದೊಂದು ಸಾಲೂ ಬಿಚ್ಚಿ ಕಟ್ಟಿ, ಬಿಚ್ಚಿ ಕಟ್ಟಿ… ನನಗೆ ಏನೂ ಬರಲ್ಲ ಅಂತ ತೀರ್ಮಾನ ಮಾಡ್ಕೊಂಡೆ ಶುಯೈಬಣ್ಣ. ನಿಜವಾಗ್ಲೂ ಮಾಡ್ಕೊಂಡೆ." ಕಿರುಚಲಿಲ್ಲ. ಕಿರುಚಿದ್ದರೆ ಅವನಿಗೆ ಸುಲಭವಾಗುತ್ತಿತ್ತು.

"ಇವತ್ತೇ ಬರೀತೀನಿ, ಎಲ್ಲಾ ಕಡೆ. ಮುದುಕನ ಹೆಸರಲ್ಲೇ. ನನ್ನ ನಕಲು ತಪ್ಪು, ಅಸಲಿ ಆಡಿ, ಕಾದು ಆಡಿ ಅಂತ."

"ಬರಿ," ಅಂದಳು. ಆಮೇಲೆ ಕೇಳಿದಳು: "ಕೂತು ನೋಡಿದ್ಯಾ?"

"ನೋಡಿದೆ. ಮೂವತ್ತೆಂಟು ನಿಮಿಷಾನೂ."

ಅವಳು ಮುಖ ಆಚೆ ತಿರುಗಿಸಿದಳು.

"ಕುರ್ಚಿ ಖಾಲಿ ಇದ್ದದ್ದು ನಿನಗೆ ಗೊತ್ತಿತ್ತಲ್ಲ," ಅಂದ. "ಒಂದು ಸಲ ಆದ್ರೂ ಯಾಕೆ ಕೇಳ್ಲಿಲ್ಲ?"

"ನೀನಾಗೇ ಹೇಳ್ತೀಯ ಅಂತ ಕಾಯ್ತಿದ್ದೆ."

ಶುಯೈಬ್ ಬಾಟಲಿಯನ್ನು ಎತ್ತಿ ಅವಳ ಕಡೆ ಸರಿಸಿದ. ಕೀಬೋರ್ಡುಗಳ ಹಿಂದಿನಿಂದ ಉಳಿದೆರಡನ್ನೂ ತಂದು ಪಕ್ಕದಲ್ಲಿಟ್ಟ. "ವಾಪಸ್ ತಗೊಂಡು ಹೋಗು. ನಡಿ, ನಾನೂ ಬರ್ತೀನಿ. ಚಿಕ್ಕಮ್ಮನಿಗೆ ನಾನೇ ಹೇಳ್ತೀನಿ, ಕಾಲಿಗೆ ಬಿದ್ದು ಹೇಳ್ತೀನಿ."

"ಬೇಡ." ಅವಳು ಲ್ಯಾಪ್‌ಟಾಪ್ ಮುಚ್ಚಿದಳು. "ಗಂಡ ಒಬ್ಬನೇ ಇರ್ಲಿಲ್ಲ, ಹೊರಗೊಬ್ಬ ಇದ್ದ ಅಂತ ಅಮ್ಮ ನಂಬಿದಾಳೆ. ಅದೊಂದು ಇಟ್ಕೊಂಡು ಮಲಗ್ತಾಳೆ ಅವಳು. ನಿನ್ನ ಎದೆ ಹಗುರ ಆಗೋಕೆ ಅವಳದನ್ನ ಕಿತ್ಕೋಬೇಡ. ಒಂದು ಸಲ ಕಿತ್ತಿದ್ದು ಸಾಕು. ಬರೋ ವರ್ಷಾನೂ ಬಾಟಲಿ ಬರುತ್ತೆ. ಅದರಾಚೆ ವರ್ಷಾನೂ ಬರುತ್ತೆ. ಬೇಡ ಅನ್ನಬಾರದು. ಹೀಗೆ ಧೂಳಲ್ಲಿ ಇಡಬಾರದು. ಕುಡೀಬೇಕು. ಹೇಗಿತ್ತು ಅಂತ ಅಮ್ಮ ಕೇಳಿದ್ರೆ ಚೆನ್ನಾಗಿತ್ತು ಅನ್ನಬೇಕು."

ಲ್ಯಾಪ್‌ಟಾಪನ್ನು ಎದೆಗವಚಿಕೊಂಡು, ಮೊದಲ ದಿನ ತಂದ ಹಾಗೆಯೇ, ಹೊರಟಳು. ಸೋಮವಾರ ಕಚೇರಿಗೆ ಹೋಗುತ್ತಾಳೋ ಇಲ್ಲವೋ ಅವನು ಕೇಳಲಿಲ್ಲ, ಕೇಳುವ ಬಾಯಿ ಅವನಿಗೆ ಉಳಿದಿರಲಿಲ್ಲ. ಎದುರಿನಿಂದ ಹಮ್ಲಾವಿ ಕೂಗುತ್ತಿದ್ದ, ಕಾಫಿ ಆರಿಹೋಯ್ತು ಕಣೋ, ಮತ್ತೆ ಕಾಯಿಸಿದೀನಿ, ಈಗಾದ್ರೂ ಬಾ. ಶುಯೈಬ್ ಬಾಟಲಿ ತೆಗೆದುಕೊಂಡು ಓಣಿ ದಾಟಿದ. ಹಮ್ಲಾವಿ ಕೊಟ್ಟ ಬಟ್ಟಲನ್ನು ಹೊಲಿಗೆ ಯಂತ್ರದ ಅಂಚಿನಲ್ಲಿಟ್ಟು ಮುಚ್ಚಳ ಬಿಚ್ಚಿದ. ಎರಡು ಹನಿ ಹಾಕಿದ. ಕುಡಿದ.

"ಹೇಗಿದೆ?" ಹಮ್ಲಾವಿ ಕೇಳಿದ.

"ಚೆನ್ನಾಗಿದೆ," ಅಂದ ಶುಯೈಬ್.